ಜರ್ಮನಿ ಜರ್ಸಿ, ಗದಗಿನ ಸ್ಪಿನ್ನು

ಗದಗ ಜಿಲ್ಲೆಯ ಸವಡಿಯಲ್ಲಿ ಒಂದು ಮನೆಯ ಕಟ್ಟೆ. ಕಡಲೆ ರಾಶಿ ಮುಗಿದಿದೆ, ಮಾತಿಗೆ ಪುರುಸೊತ್ತಿದೆ. ಮಾತಾಡುವವರು ಇಬ್ಬರು: ಬಸ್ಸು ಹಿಡಿದು ಕಾಲೇಜಿಗೆ ಹೋಗಿಬರುವ ಹುಡುಗಿ, ರೇಡಿಯೋ ಕಾಮೆಂಟರಿ ಕೇಳಿ ಬೆಳೆದ ಅವಳ ಕಾಕಾ. ಅವರ ಮಾತಿನ ಧಾಟಿಯನ್ನು ತಿದ್ದಲು ಹೋಗಿಲ್ಲ.

ಕಾಕಾ: ಜರ್ಮನಿ ಮಂದಿ ಕ್ರಿಕೆಟ್ ಆಡ್ತಾರಂತ ನನಗ ಇವತ್ತ ಗೊತ್ತಾತ ನೋಡವ್ವಾ. ಅವರದೇನಿದ್ರೂ ಫುಟ್‌ಬಾಲು ಅಂದ್ಕೊಂಡಿದ್ದೆ.

ಹುಡುಗಿ: ಆಡ್ತಾರ್ರಿ. ಅವರ ಹೆಣ್ಮಕ್ಕಳ ಟೀಮಿಗೆ ಕ್ಯಾಪ್ಟನ್ ಆಗಿದ್ದಾಕಿ ನಮ್ಮಾಕಿ. ಅನುರಾಧಾ ದೊಡ್ಡಬಳ್ಳಾಪುರ ಅಂತ. ಬೆಂಗಳೂರಾಕಿ.

ಕಾಕಾ: ಅಲ್ಲಿ ಹೋಗಿ ಕ್ರಿಕೆಟ್ ಆಡೂದು ಬಿಟ್ಟು ಮತ್ತೇನ ಮಾಡ್ತಾಳ? ಹೊಟ್ಟಿಗೆ?

ಹುಡುಗಿ: ವಿಜ್ಞಾನಿ ಅದಾಳ್ರಿ. ಫ್ರಾಂಕ್‌ಫರ್ಟ್ ಹತ್ರ ಬಾಟ್ ನೌಹೈಮ್ ಅಂತ ಊರು. ಅಲ್ಲಿ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆಯವರದು ಹೃದಯ, ಶ್ವಾಸಕೋಶದ ಮ್ಯಾಲೆ ಸಂಶೋಧನೆ ಮಾಡೂ ಕೇಂದ್ರ ಐತಿ. ಅಲ್ಲಿ ಕೆಲಸ ಮಾಡ್ಕೋತನ ದೇಶದ ಟೀಮ್ ನಡಸ್ಯಾಳ. ಇಲ್ಲೆ ಇದ್ದಾಗ ಕರ್ನಾಟಕದ ಕಿರಿಯರ ಟೀಮಿನಾಗ ಆಡಿದ್ಲು. ಆಮ್ಯಾಲೆ ಓದಾಕ ಇಂಗ್ಲೆಂಡಿನ ನ್ಯೂಕ್ಯಾಸಲ್‌ಗೆ ಹೋದ್ಲು, ಅಲ್ಲಿಂದ ಜರ್ಮನಿ.

ಕಾಕಾ: ಅಂದ್ರ ನೌಕರಿ ಮೊದಲು, ಆಟ ಆಮ್ಯಾಲೆ. ಹಂಗಾದ್ರ ಅದಕ್ಕ ಇಂಟರ್‌ನ್ಯಾಷನಲ್ ಅನ್ನೂದು ದೊಡ್ಡ ಮಾತಾತು.

ಹುಡುಗಿ: ದೊಡ್ಡ ಮಾತಲ್ರಿ, ರೂಲ್ಸ್ ಐತಿ. 2018ರ ಜುಲೈ ಒಂದನೇ ತಾರೀಖಿನಿಂದ ಐಸಿಸಿ ಸದಸ್ಯ ದೇಶದ ಹೆಣ್ಮಕ್ಕಳು ಯಾರ ಯಾರ ಜೊತಿ ಟಿ20 ಆಡಿದ್ರೂ ಅದು ಅಂತಾರಾಷ್ಟ್ರೀಯ. ಗಂಡಸರಿಗೆ 2019ರ ಜನವರಿಯಿಂದ. ಅದಕ್ಕಿಂತ ಮೊದಲು ಇಂಥ ದೇಶದವರು ಎಷ್ಟ ರನ್ ಹೊಡದ್ರೂ ದಾಖಲೆ ಪುಸ್ತಕದಾಗ ಜಾಗ ಇರಲಿಲ್ಲ. ಈಕಿ ಹೆಸರು ಅದರಾಗ ಹೆಂಗ ಬಂತು ಗೊತ್ತೇನ್ರಿ? 2020ರ ಆಗಸ್ಟ್ 14. ಕೊರೋನಾ ಕಾಲ, ಜಗತ್ತಿನಾಗ ಆಟನ ಬಂದ್ ಆದಂಗ ಆಗಿತ್ತು. ವಿಯೆನ್ನಾ ಹತ್ರ ಸೀಬಾರ್ನ್ ಅಂತ ಗ್ರೌಂಡು, ಆಸ್ಟ್ರಿಯಾ ಎದುರಿಗೆ ಮ್ಯಾಚು. ನಾಲ್ಕು ಬಾಲಿಗೆ ನಾಲ್ಕು ವಿಕೆಟ್. ಹೆಣ್ಮಕ್ಕಳ ಟಿ20ದಾಗ ಅದಕ್ಕಿಂತ ಮೊದಲು ಯಾರೂ ಮಾಡಿರಲಿಲ್ಲ. ಗಂಡಸರಾಗ ರಶೀದ್ ಖಾನ್ ಮಾಡಿದ್ದ, ಮಾಲಿಂಗ ಮಾಡಿದ್ದ. ಮೂರನೇದಾಕಿ ಈಕಿ. ಮೂರು ಓವರ್, ಒಂದು ರನ್ನು, ಐದು ವಿಕೆಟ್.

ಕಾಕಾ: ಯಾರ ಎದುರಿಗೆ ಅಂದಿ?

ಹುಡುಗಿ: ಆಸ್ಟ್ರಿಯಾ.

ಕಾಕಾ: ಆಸ್ಟ್ರೇಲಿಯಾ ಅಲ್ಲ.

ಹುಡುಗಿ: ನೀವು ಇದನ್ನ ಅಂತೀರಂತ ಗೊತ್ತಿತ್ರಿ. ಸರಿ, ನಾನೂ ಒಂದು ಕೇಳ್ತೇನಿ. ಗದಗಿನ ಸುನೀಲ ಜೋಶಿ ಟೆಸ್ಟಿನಾಗ 92 ಹೊಡದದ್ದು ಯಾರ ಎದುರಿಗ್ರಿ?

ಕಾಕಾ: ಬಾಂಗ್ಲಾದೇಶ. ಡಾಕಾದಾಗ, 2000ನೇ ಇಸ್ವಿ ನವೆಂಬರ್‌ದಾಗ.

ಹುಡುಗಿ: ಅದು ಬಾಂಗ್ಲಾದವರ ಎಷ್ಟನೇ ಟೆಸ್ಟು?

ಕಾಕಾ: ಮೊದಲನೇದು. ಆದ್ರ ಅದನ್ನ ಇದಕ್ಕ ಹಚ್ಚಬ್ಯಾಡ. ಆ ಮ್ಯಾಚಿನ ಸುದ್ದಿ ನಿನಗ ಪೂರ್ತಿ ಗೊತ್ತಿಲ್ಲ, ಕೇಳು. ಬಾಂಗ್ಲಾದವರು ಮೊದಲು ಬ್ಯಾಟಿಂಗ್ ಮಾಡಿದ್ರು. ಇವರು ಊಟದೊಳಗ ಆಲೌಟ್ ಆಗಿ ಹೋಗ್ತಾರ ಅಂತ ಎಲ್ಲಾರೂ ಅಂದ್ಕೊಂಡಿದ್ರು. 400 ಮಾಡಿದ್ರು. ಅಮೀನುಲ್ ಇಸ್ಲಾಂ ಅನ್ನಾವ 145 ಹೊಡದ. ಸ್ಟೇಡಿಯಂ ತುಂಬಿತ್ತು, ಗಂಗೂಲಿಗೆ ಕ್ಯಾಪ್ಟನ್ ಆಗಿ ಅದು ಮೊದಲನೇ ಟೆಸ್ಟು. ನಮ್ಮವರಾಗ ಐದು ವಿಕೆಟ್ ತಗೊಂಡಾವ ಯಾರು? ಜೋಶಿ. 142 ರನ್ನು ಕೊಟ್ಟ, ಖರೆ, ಆದ್ರ ಬಿಡದ ಹಾಕಿದ. ಆಮ್ಯಾಲೆ ನಮ್ಮದೂ ಬ್ಯಾಟಿಂಗ್ ತೊಂದ್ರಿಗೆ ಬಂತು. ಅವರ ಕ್ಯಾಪ್ಟನ್ ನಯೀಮುರ್ ರೆಹಮಾನ್ ಆರು ವಿಕೆಟ್ ಕಿತ್ತ. ಗಂಗೂಲಿ 84, ಕೆಳಗ ಬಂದ ಜೋಶಿ 92. ಎಂಟು ರನ್ನಿಗೆ ಸೆಂಚುರಿ ಹೋತು. ನಾವು 429ಕ್ಕ ಮುಟ್ಟಿದ್ವಿ. ಎರಡನೇ ಇನಿಂಗ್ಸಿನಾಗ ಅವರು 91ಕ್ಕ ಗಂಟು ಕಟ್ಟಿದ್ರು. ಅದರಾಗೂ ಜೋಶಿದು ಮೂರು ವಿಕೆಟ್. ಮ್ಯಾನ್ ಆಫ್ ದ ಮ್ಯಾಚ್ ಅಂವಗ.

ಹುಡುಗಿ: ಅಂದ್ರ ಹೊಸ ದೇಶದ ಎದುರಿಗೆ ಆಡಿದ ಆಟಕ್ಕೂ ಬೆಲೆ ಐತಿ.

ಕಾಕಾ: ಐತಿ, ಆದ್ರ ಅದು ಟೆಸ್ಟು. ನಾಲ್ಕು ದಿನ ಬಿಸಲಾಗ ನಿಂತು ಆಡಿದ್ದು. ಮತ್ತ ಬರೇ ಬಾಂಗ್ಲಾ ಹಿಡಕೊಂಡು ಕುಂದ್ರಬ್ಯಾಡ. ನೈರೋಬಿದು ಹೇಳತೇನಿ. 1999ರ ಸೆಪ್ಟೆಂಬರ್ 26, ಎದುರಿಗೆ ಸೌತ್ ಆಫ್ರಿಕಾ. ಗಿಬ್ಸ್, ಕ್ರೋನಿಯೆ, ಜಾಂಟಿ ರೋಡ್ಸ್. ಹತ್ತು ಓವರ್, ಆರು ಮೇಡನ್, ಆರು ರನ್ನು, ಐದು ವಿಕೆಟ್. ವನ್‌ಡೇದಾಗ! ಅರವತ್ತು ಬಾಲಿಗೆ ಆರು ರನ್ನು. ಅವರು 117ಕ್ಕ ಮುಗದ್ರು.

ಹುಡುಗಿ: ಅದು ಬಾಯಿಪಾಠ ಐತಿ ನಿಮಗ.

ಕಾಕಾ: ಇರಬೇಕವ್ವಾ. ನಮ್ಮ ಜಿಲ್ಲಾದಾಂವ. ಎಡಗೈ ಸ್ಪಿನ್ನರ್‌ಗೆ ಬೇಕಾದ್ದು ಬ್ಯಾಟ್ಸ್‌ಮನ್ ಮುಂದ ಬರಬೇಕೋ ಹಿಂದ ಉಳೀಬೇಕೋ ಅಂತ ಅರ್ಧ ಕ್ಷಣ ಚಿಂತಿ ಮಾಡೂದು. ಆ ಅರ್ಧ ಕ್ಷಣದಾಗ ಬಾಲ್ ಬಿದ್ದಿರತೈತಿ. ಒಂದು ತಿರಗತೈತಿ, ಇನ್ನೊಂದು ಅದ ಕೈಲಿಂದ ಬಂದು ತಿರಗಂಗಿಲ್ಲ, ಸೀದಾ ಪ್ಯಾಡಿಗೆ. ಜಗ್ಗಿ ತಿರುಗಿಸೂದು ದೊಡ್ಡಸ್ತಿಕಿ ಅಲ್ಲ. ತಿರಗತೈತೋ ಇಲ್ಲೋ ಅಂತ ಅಂಜಿಕಿ ಹುಟ್ಟಸೂದು ದೊಡ್ಡಸ್ತಿಕಿ. ಜೋಶಿ ಆವತ್ತು ಮಾಡಿದ್ದು ಅದನ್ನ.

ಹುಡುಗಿ: ಸರಿ ಹಂಗಾದ್ರ, ಎಡಗೈ ಸ್ಪಿನ್ನರ್ ಒಬ್ಬಾಂವನ್ನ ನಾನೂ ಹೇಳ್ತೇನಿ. ನಾಸ್ತುಷ್ ಕೆಂಜಿಗೆ.

ಕಾಕಾ: ಇದೆಂಥಾ ಹೆಸರು?

ಹುಡುಗಿ: ಚಿಕ್ಕಮಗಳೂರು ಕಡೆ ಕಾಫಿ ತೋಟದ ಮನೆತನ. ಹುಟ್ಟಿದ್ದು ಅಮೆರಿಕದ ಅಲಬಾಮಾದಾಗ, ಕೂಸಿದ್ದಾಗನ ತಂದೆ ತಾಯಿ ವಾಪಸ್ ಕರಕೊಂಡು ಬಂದ್ರು. ಇಲ್ಲೆ ಬೆಳದ, ಬೆಂಗಳೂರಿನ ಲೀಗ್‌ನಾಗ ಆಡಿದ. ಕರ್ನಾಟಕ ಟೀಮಿನ ಬಾಗಲಾ ತಗೀಲಿಲ್ಲ. 2015ರಾಗ ಅಮೆರಿಕಕ್ಕ ಹೋದ, ಅಲ್ಲಿ ಆಸ್ಪತ್ರಿಯೊಳಗ ಕೆಲಸ, ಉಳಿದ ಹೊತ್ತಿನಾಗ ಕ್ರಿಕೆಟ್. 2024ರ ವಿಶ್ವಕಪ್‌ದಾಗ ಡಲ್ಲಾಸ್‌ದಾಗ ಪಾಕಿಸ್ತಾನದ ಎದುರಿಗೆ ಮೂರು ವಿಕೆಟ್. ಶಾದಾಬ್‌ನ ತಗದ, ಮುಂದಿನ ಬಾಲಿಗೇನ ಆಜಂ ಖಾನ್‌ನ ತಗದ.

ಕಾಕಾ: ಆ ಮ್ಯಾಚ್ ನಾ ನೋಡೇನಿ! ಸೂಪರ್ ಓವರಿಗೆ ಹೋತು. ಆ ಸೂಪರ್ ಓವರ್ ಹಾಕಿದ ಹುಡುಗ ಮುಂಬೈದಾಂವ, ಸಾಫ್ಟ್‌ವೇರ್ ಕಂಪನಿಯಾಗ ಇಂಜಿನಿಯರ್ ಅಂದ್ರು.

ಹುಡುಗಿ: ಸೌರಭ ನೇತ್ರಾವಳಕರ್. ಆದ್ರ ಆ ತಾರೀಖು ನೆನಪೈತೇನ್ರಿ? ಜೂನ್ 6.

ಕಾಕಾ: ಜೂನ್ 6… ಜೋಶಿ ಹುಟ್ಟಿದ ದಿನ.

ಹುಡುಗಿ: ಹುಟ್ಟಿದ್ದು 1970ರ ಜೂನ್ 6, ಮೊದಲನೇ ಟೆಸ್ಟ್ ಚಾಲೂ ಆಗಿದ್ದು 1996ರ ಜೂನ್ 6.

ಕಾಕಾ: ಬರ್ಮಿಂಗ್‌ಹ್ಯಾಮ್‌ದಾಗ. ಅದರಾಗ ಬೆರಳು ಮುರಕೊಂಡ, ಪಾಪ. ಒಂದು ಬಾಲೂ ಹಾಕಲಿಲ್ಲ. ರಣಜಿಯಾಗ ಒಂದ ಸೀಸನ್ನಿನಾಗ 500ಕ್ಕ ಮ್ಯಾಲೆ ರನ್ನು, 50ಕ್ಕ ಮ್ಯಾಲೆ ವಿಕೆಟ್ ಮಾಡಿ, ಕರ್ನಾಟಕ ಕಪ್ ಗೆದ್ದು, ಆ ಜೋರಿನಾಗ ಇಂಗ್ಲೆಂಡಿಗೆ ಹೋದಾಂವ. ಹುಟ್ಟಿದ ಹಬ್ಬಕ್ಕ ಟೆಸ್ಟ್ ಕ್ಯಾಪು, ಬೆರಳಿಗೆ ಪಟ್ಟಿ.

ಹುಡುಗಿ: ಈಗ ಹೇಳ್ರಿ, ಕೆಂಜಿಗೆದು ಇಂಟರ್‌ನ್ಯಾಷನಲ್ ಹೌದೋ ಅಲ್ಲೋ?

ಕಾಕಾ: ಪಾಕಿಸ್ತಾನದ ವಿಕೆಟ್ ತಗದಾಂವಂದು ಅಲ್ಲ ಅಂತ ಹೆಂಗ ಅನ್ಲಿ! ಆದ್ರ ನನ್ನ ಮನಸಿನಾಗ ಒಂದು ಮುಳ್ಳೈತಿ. ಇವರೆಲ್ಲಾ ಇಲ್ಲಿ ಕಲತಾರ, ಅಲ್ಲಿಗೆ ಆಡ್ತಾರ. ಇಲ್ಲಿ ಜಾಗ ಸಿಗಲಿಲ್ಲ ಅಂತ ಹೋದವರು ಅಲ್ಲಿ ದೇಶದ ಜರ್ಸಿ ಹಾಕೂದು ಅಂದ್ರ… ದೇಶ ಅನ್ನೂದು ಬಾಡಗಿ ಮನೀ ಏನು?

ಹುಡುಗಿ: ಐಸಿಸಿ ಲೆಕ್ಕ ಸರಳ ಐತ್ರಿ. ಆ ದೇಶದಾಗ ಹುಟ್ಟಿರಬೇಕು, ಇಲ್ಲಾ ಅಲ್ಲಿಯ ಪೌರತ್ವ ಇರಬೇಕು, ಇಲ್ಲಾ ಮೂರು ವರ್ಷ ಅಲ್ಲೇ ವಾಸ ಮಾಡಿರಬೇಕು. ಕೆಂಜಿಗೆ ಅಲ್ಲೇ ಹುಟ್ಟಿದಾಂವ. ಮೂರು ವರ್ಷ ಒಂದು ಊರಾಗ ಇದ್ದು, ತೆರಿಗಿ ಕಟ್ಟಿ, ಅಲ್ಲಿ ಹುಡಿಗ್ಯಾರಿಗೆ ಬ್ಯಾಟ್ ಹಿಡಿಯಾಕ ಕಲಿಸಿದ್ರ ಅದು ಅವರ ಊರಾಗಂಗಿಲ್ಲೇನು? ನಮ್ಮ ಅಜ್ಜ ಯಾವ ಊರಿಂದ ಬಂದು ಸವಡಿಯಾಗ ಹೊಲ ಮಾಡಿದ, ಅದನ್ನ ಯಾರರ ಕೇಳ್ತಾರೇನು?

ಕಾಕಾ: ಮಾತಿಗೆ ಮಾತು ಛಲೋ ಕಲತಿ. ಆದ್ರ ನನ್ನ ಮುಳ್ಳು ಪೂರ್ತಿ ಹೋಗಿಲ್ಲ, ಇರ್ಲಿ ಅದು.

ಹುಡುಗಿ: ಇರ್ಲಿ. ನೌಕರಿ ಮಾಡ್ಕೋತ ಆಡೂದಂದ್ರ ಚಿಲ್ಲರ ಆಟ ಅಂದ್ರಲ್ಲ, ಅದಕ್ಕ ಬರ್ರಿ ಈಗ. ಪ್ರಸನ್ನ ಯಾಕ ಐದು ವರ್ಷ ಟೆಸ್ಟ್ ಆಡಲಿಲ್ಲ?

ಕಾಕಾ: ಎರಾಪಳ್ಳಿ ಪ್ರಸನ್ನ. ಇಂಜಿನಿಯರಿಂಗ್ ಓದು ಅರ್ಧಕ್ಕ ನಿಂತಿತ್ತು. 1962ರಾಗ ವೆಸ್ಟ್ ಇಂಡೀಸಿಗೆ ಹೋಗಿ ಬಂದ, ಮೈಸೂರಿನಾಗ ಇಂಜಿನಿಯರಿಂಗ್ ಮುಗಿಸಿದ, ತಿರುಗಿ ಟೆಸ್ಟಿಗೆ ಬಂದಿದ್ದು 1967ಕ್ಕ. ಜಗತ್ತಿನ ಒಳ್ಳೇ ಆಫ್ ಸ್ಪಿನ್ನರ್‌ಗೆ ಓದು ಮುಗಿಸೂದು ಟೆಸ್ಟಿಗಿಂತ ಮೊದಲಿನ ಕೆಲಸ ಆಗಿತ್ತು. ಜಿ.ಆರ್. ವಿಶ್ವನಾಥನೂ ಸ್ಟೇಟ್ ಬ್ಯಾಂಕಿನಾಂವ. ಆಗ ಎಲ್ಲಾ ಹಂಗ. ಕ್ರಿಕೆಟಿನಿಂದ ಸಂಸಾರ ನಡಿಯಂಗಿರಲಿಲ್ಲ.

ಹುಡುಗಿ: ಅವರನ್ನ ಯಾರೂ ಪಾರ್ಟ್‌ಟೈಮ್ ಆಟಗಾರರು ಅನ್ನಂಗಿಲ್ಲ. ಶಾಂತಾ ರಂಗಸ್ವಾಮಿ ಕೆನರಾ ಬ್ಯಾಂಕಿನಾಗ ಇದ್ರು. 1976ರಾಗ ಭಾರತದ ಹೆಣ್ಮಕ್ಕಳ ಟೀಮಿನ ಮೊದಲನೇ ಟೆಸ್ಟ್ ಕ್ಯಾಪ್ಟನ್, ಪಟ್ನಾದಾಗ ವೆಸ್ಟ್ ಇಂಡೀಸ್‌ನ ಸೋಲಿಸಿದ್ರು. ಆಗಿನ ಹೆಣ್ಮಕ್ಕಳು ರಿಸರ್ವೇಶನ್ ಇಲ್ಲದ ಡಬ್ಬ್ಯಾಗ ಕುಂತು ಹೋಗಿ, ಡಾರ್ಮಿಟರಿಯಾಗ ಮಲಗಿ ಆಡ್ಯಾರ. ಬಿಸಿಸಿಐ ಅವರನ್ನ ತನ್ನೊಳಗ ಸೇರಿಸ್ಕೊಂಡಿದ್ದು 2006ಕ್ಕ. ಅಲ್ಲೀಮಟ ಇಂಡಿಯಾದ ಹೆಣ್ಮಕ್ಕಳ ಕ್ರಿಕೆಟ್ಟೂ ಈಗಿನ ಜರ್ಮನಿ ಇದ್ದಂಗನ ಇತ್ರಿ ಕಾಕಾ. ಗಂಡಸರ ಇಂಡಿಯಾ ಬ್ಯಾರೆ, ಹೆಣ್ಮಕ್ಕಳ ಇಂಡಿಯಾ ಬ್ಯಾರೆ.

ಕಾಕಾ: ಈ ಮಾತು ಒಪ್ಪಿದೆ. ಹಂಗ ನೋಡಿದ್ರ ಗಂಡಸರ ಇಂಡಿಯಾನೂ ಒಂದು ಕಾಲದಾಗ ಹಂಗ ಇತ್ತು. ಮೊದಲ ಟೆಸ್ಟ್ ಆಡಿದ್ದು 1932, ಮೊದಲ ಗೆಲುವು 1952ರಾಗ, ಮದ್ರಾಸಿನಾಗ. ಇಪ್ಪತ್ತು ವರ್ಷ ಸೋತು, ಡ್ರಾ ಮಾಡಿ ಕುಂತಿದ್ರು. ಬಾಂಗ್ಲಾದವರು ಐದು ವರ್ಷದೊಳಗ ಗೆದ್ರು, 2005ರಾಗ, ಜಿಂಬಾಬ್ವೆ ಎದುರಿಗೆ.

ಹುಡುಗಿ: ಹಾಂ, ನೀವ ನನ್ನ ಪರ ಮಾತಾಡಾಕ ಹತ್ತಿದ್ರಿ!

ಕಾಕಾ: ಪರ ಇಲ್ಲ ಗಿರ ಇಲ್ಲ. ಜೋಶಿ ಸುದ್ದಿ ಇನ್ನೂ ಮುಗಿಸಿಲ್ಲ ನಾನು. ಗದಗಿನ ಹುಡುಗ, ಸಾಲಿಗೆ ಹೋಗೂ ವಯಸ್ಸು. ಗದಗಿನಾಗ ಸರಿಯಾದ ಪ್ರ್ಯಾಕ್ಟೀಸ್ ಇಲ್ಲ. ನಸುಕಿನಾಗ ಎದ್ದು ಹುಬ್ಬಳ್ಳಿಗೆ ಹೋಗೂದು, ಸುಮಾರು 60 ಕಿಲೋಮೀಟರ್, ಅಲ್ಲಿ ಬೌಲಿಂಗ್ ಹಾಕಿ ಸಾಲಿ ಹೊತ್ತಿಗೆ ವಾಪಸ್. ನಮ್ಮ ಕಡೆ ಜೋಶಿ ಅಂದ್ರ ಮಂದಿಗೆ ಮೊದಲು ನೆನಪಾಗೂದು ಹಾಡೂ ಜೋಶಿ, ನಮ್ಮ ರೋಣದಾಗ ಹುಟ್ಟಿದ ಭೀಮಸೇನ ಜೋಶಿ. ಅಂವನೂ ಸಣ್ಣಂವಿದ್ದಾಗ ಗುರು ಹುಡಕ್ಕೊಂಡು ರೈಲು ಹತ್ತಿದಾಂವ. ಇಬ್ಬರಿಗೂ ಕಲಿಸೂ ಮನುಷ್ಯ ಬ್ಯಾರೆ ಊರಾಗ ಇದ್ದ. ಈಗ ಹೇಳು, ಟೆಸ್ಟ್ 15, ವಿಕೆಟ್ 41, ವನ್‌ಡೇ 69, ವಿಕೆಟ್ 69. ಇಷ್ಟ ನೋಡಿದ್ರ ಮಧ್ಯಮ ಲೆಕ್ಕ. ಕುಂಬ್ಳೆ ಕಾಲದಾಗ ಕರ್ನಾಟಕದ ಇನ್ನೊಬ್ಬ ಸ್ಪಿನ್ನರ್ ಆಗಿ ಹುಟ್ಟೂದು ನಸೀಬ ಅಲ್ಲ. ಆದ್ರ ಆಟ ಬಿಟ್ಟ ಮ್ಯಾಲೆ ಅಂವ ಎಲ್ಲಿಗೆ ಹೋದ ನೋಡು. ಜಮ್ಮು-ಕಾಶ್ಮೀರ! ರಣಜಿಯಾಗ ಆಗ ಯಾರೂ ಲೆಕ್ಕಕ್ಕ ಹಿಡೀದ ಟೀಮು. 2014ರ ಡಿಸೆಂಬರ್‌ದಾಗ ವಾಂಖೆಡೆಯಾಗ ಮುಂಬೈನ ಸೋಲಿಸಿದ್ರು, ಅವರ ಕೋಚು ಜೋಶಿ. ಆಮ್ಯಾಲೆ ಒಮಾನ್.

ಹುಡುಗಿ: ಒಮಾನಿನ ಸುದ್ದಿ ನನಗ ಗೊತ್ತಿರಲಿಲ್ಲ.

ಕಾಕಾ: ಸ್ಪಿನ್ ಕೋಚ್ ಆಗಿದ್ದ. ಆ ಟೀಮಿನ ಹುಡುಗ್ರು ಹಗಲು ಹೊತ್ತು ಕಂಪನಿಯಾಗ ಕೆಲಸ, ಸಂಜಿಗೆ ಪ್ರ್ಯಾಕ್ಟೀಸು. 2016ರ ಟಿ20 ವಿಶ್ವಕಪ್ಪಿಗೆ ಮೊದಲನೇ ಸಲ ಬಂದ್ರು. ಧರ್ಮಶಾಲಾದಾಗ ಐರ್ಲೆಂಡ್‌ನ ಸೋಲಿಸಿದ್ರು, ಎರಡು ವಿಕೆಟ್ಟಿನಿಂದ. ಮುಂದ 2017ಕ್ಕ ಬಾಂಗ್ಲಾದವರ ಕರದ್ರು, 2019ರ ವಿಶ್ವಕಪ್ ಮಟ ಅವರ ಸ್ಪಿನ್ನರ್‌ಗೆ ಕಲಿಸಿದ. ಯಾರ ಮೊದಲ ಟೆಸ್ಟಿನಾಗ ಎಂಟು ವಿಕೆಟ್ ಕಿತ್ತಿದ್ದನೋ ಅವರ ಮನಿಗೇ ಮಾಸ್ತರ್ ಆಗಿ ಹೋದ.

ಹುಡುಗಿ: ಯಾಕ ಇಂಥಾ ಟೀಮನ್ನ ಆರಿಸ್ಕೊಂಡಿರಬೇಕ್ರಿ?

ಕಾಕಾ: ರೊಕ್ಕಕ್ಕೂ ಇರಬಹುದು, ಕೆಲಸ ಅಂದ ಮ್ಯಾಲೆ. ಅಂವನ ಮನಸಿನಾಗ ಹೊಕ್ಕು ನಾ ನೋಡಿಲ್ಲ. ನನ್ನ ಊಹೆ ಹೇಳ್ತೇನಿ. ಬೆಂಗಳೂರಿನ ಕ್ಲಬ್ಬಿನಾಗ, ಒಳ್ಳೇ ಟರ್ಫ್ ಮ್ಯಾಲೆ ಬೆಳದಾಂವಗ ಇಲ್ಲದ್ದು ಏನಂತ ಗೊತ್ತಿರಂಗಿಲ್ಲ. ನೆಟ್ ಇಲ್ಲ, ಪಿಚ್ ಇಲ್ಲ, ರಜಾ ಇಲ್ಲ ಅನ್ನೂ ಹುಡುಗಗ ಏನ ಹೇಳಬೇಕಂತ ಗದಗಿನಿಂದ ನಸುಕಿನಾಗ ಹುಬ್ಬಳ್ಳಿಗೆ ಹೋಗಿಬಂದಾಂವಗ ತಿಳೀತೈತಿ. ಮಸ್ಕತ್ತಿನಾಗ ಕೆಲಸ ಮುಗಿಸಿ ಬರೂ ಹುಡುಗನ್ನ ನೋಡಿದ್ರ ಅಂವಗ ತನ್ನ ಹುಬ್ಬಳ್ಳಿ ಓಡಾಟ ನೆನಪಾಗಿರಬೇಕು.

ಹುಡುಗಿ: ಛಲೋ ಊಹೆ ಐತಿ. ಆದ್ರ ಇಂಥಾ ದೇಶದ ಆಟಗಾರಗ ಕೋಚ್ ಸಿಕ್ಕರ ಸಾಲಂಗಿಲ್ರಿ. ನೀವು ನೈರೋಬಿ ಅಂದ್ರಲ್ಲ, ಕೀನ್ಯಾದ ಗತಿ ನೋಡ್ರಿ. 1996ರ ವಿಶ್ವಕಪ್ಪಿನಾಗ ಪುಣೆಯಾಗ ವೆಸ್ಟ್ ಇಂಡೀಸ್‌ನ 93ಕ್ಕ ಆಲೌಟ್ ಮಾಡಿದವರು.

ಕಾಕಾ: 1998ರಾಗ ಗ್ವಾಲಿಯರ್‌ದಾಗ ನಮ್ಮನ್ನೂ ಸೋಲಿಸಿದ್ರು. ಆವತ್ತು ಊಟ ರುಚಿಸಲಿಲ್ಲ ನನಗ.

ಹುಡುಗಿ: 2003ರಾಗ ಸೆಮಿಫೈನಲ್. ಟೆಸ್ಟ್ ಮಾನ್ಯತೆ ಇನ್ನೇನು ಸಿಗತೈತಿ ಅಂದ್ರು. 2014ಕ್ಕ ವನ್‌ಡೇ ಮಾನ್ಯತೆನೂ ಹೋತು. ಬೋರ್ಡಿನವರ ಜಗಳ, ರೊಕ್ಕದ ಜಗಳ, ಆಟಗಾರರ ಮುಷ್ಕರ, ಹಿಂದ ಹೊಸ ಹುಡುಗರು ಬರಲಿಲ್ಲ. ಸ್ಟೀವ್ ಟಿಕೊಲೊ ಅಂಥಾ ಆಟಗಾರ ಒಂದು ಟೆಸ್ಟೂ ಆಡದ ರಿಟೈರ್ ಆದ. ನಮ್ಮ ಕರ್ನಾಟಕದ ಬೌಲರ್ ದೊಡ್ಡ ಗಣೇಶ 2024ರ ಆಗಸ್ಟಿನಾಗ ಅವರ ಕೋಚ್ ಆದ್ರು, ಒಂದು ತಿಂಗಳ ಆಸುಪಾಸಿನಾಗ ನೇಮಕ ನಿಯಮದ ಪ್ರಕಾರ ಆಗಿಲ್ಲಂತ ತಗದ್ರು.

ಕಾಕಾ: ಪೆಟ್ಟಿಗಿ ಬಿಚ್ಚೂದರೊಳಗ ಕಟ್ಟಿದಂಗಾತು. ಅಂದ್ರ ನೀ ಹೇಳೂದು, ಇಂಡಿಯಾದ ಆಟಗಾರಗ ಫಾರ್ಮ್ ಹೋದ್ರ ಆಟ ಹೋಗತೈತಿ, ಅವರಿಗೆ ಫಾರ್ಮ್ ಇದ್ರೂ ಬೋರ್ಡು ಮುಳುಗಿದ್ರ ಆಟ ಹೋಗತೈತಿ.

ಹುಡುಗಿ: ಹೌದ್ರಿ. ಅದಕ್ಕ ನಾ ಅನುರಾಧಾನ್ನ ಬರೇ ಆ ನಾಲ್ಕು ಬಾಲಿಗೆ ಮೆಚ್ಚಂಗಿಲ್ಲ. ಕ್ಯಾಪ್ಟನ್ ಅಂದ್ರ ಅಲ್ಲಿ ಟಾಸ್ ಹಾಕೂದು ಅಷ್ಟ ಅಲ್ಲ. ಇಂಥಾ ಟೀಮಿನಾಗ ಆಟಗಾರರು ಆಫೀಸಿನ ರಜಾ ಹಾಕಿ, ಕೈಯಿಂದ ಖರ್ಚ ಮಾಡಿ ಟೂರ್ನಮೆಂಟಿಗೆ ಹೋಗ್ತಾರ. ಹುಲ್ಲಿನ ಮ್ಯಾಲೆ ಮ್ಯಾಟ್ ಹಾಸೂದೂ ಅವರ, ಹೊಸ ಹುಡಿಗ್ಯಾರನ್ನ ಹುಡಕೂದೂ ಅವರ. ಆ ಟೀಮಿನಾಗ ಬೆಂಗಳೂರಿನ ಇನ್ನೊಬ್ಬಾಕಿನೂ ಇದ್ಲು, ಶರಣ್ಯಾ ಸದಾರಂಗಾನಿ, ವಿಕೆಟ್ ಕೀಪರ್. ಆಸ್ಟ್ರಿಯಾದ ಎದುರಿನ ಐದೂ ಮ್ಯಾಚ್ ಗೆದ್ರು. ಆಸ್ಟ್ರಿಯಾ ಸಣ್ಣ ಟೀಮ್ ಹೌದು. ಹಂಗಂತ ನಾಲ್ಕು ಬಾಲು ಸ್ಟಂಪಿಗೆ ಹಾಕೂದು ತಪ್ಪಂಗಿಲ್ಲಲ್ಲ.

ಕಾಕಾ: ಅದು ಖರೆ. ಎದುರಿಗೆ ಯಾರಿದ್ರೂ ಬಾಲ್ ತಾನಾಗಿ ಹೋಗಿ ಸ್ಟಂಪಿಗೆ ಬಡಿಯಂಗಿಲ್ಲ. ಆದ್ರೂ ನೈರೋಬಿಯ ಆರು ರನ್ನು, ಸೀಬಾರ್ನದ ಒಂದು ರನ್ನು ಎರಡೂ ಒಂದ ತಕ್ಕಡ್ಯಾಗ ಇಡಂಗಿಲ್ಲ ನಾ. ಕ್ರೋನಿಯೆ ಕ್ರೋನಿಯೆನ.

ಹುಡುಗಿ: ಇಡಬ್ಯಾಡ್ರಿ. ಬ್ಯಾರೆ ತಕ್ಕಡಿ ಇಡ್ರಿ. ನಮ್ಮ ವಿಜಾಪುರದ ರಾಜೇಶ್ವರಿ ಗಾಯಕವಾಡ 2017ರ ವಿಶ್ವಕಪ್ಪಿನಾಗ ನ್ಯೂಜಿಲೆಂಡಿನ ಎದುರಿಗೆ 15 ರನ್ನಿಗೆ ಐದು ವಿಕೆಟ್ ತಗದಾಗ ಮಾತ್ರ ನೀವು ತಕ್ಕಡಿನ ತಗೀಲಿಲ್ಲ. ಸೀದಾ ಪೇಡೆ ತಂದ್ರಿ.

ಕಾಕಾ: ಎಡಗೈ ಸ್ಪಿನ್ನರ್ ಅಕಿ! ಅದೂ ನಮ್ಮ ಸೀಮಿದಾಕಿ. ಪೇಡೆ ತರದ ಏನ ತರಬೇಕಿತ್ತು? ಈಗ ಒಂದು ಖರೆ ಹೇಳು. ಇಷ್ಟೆಲ್ಲಾ ಜರ್ಮನಿ, ಮೂರು ವರ್ಷದ ವಾಸ, ಸಂಶೋಧನೆ ಅಂತ ಓದ್ಕೊಂಡಿದ್ದು ಯಾಕ? ನೀನೂ ಹೋಗೂ ವಿಚಾರ ಮಾಡೀಯೇನು?

ಹುಡುಗಿ: ಎಂ.ಎಸ್ಸಿ. ಮುಗೀಲಿ ಮೊದಲು. ಹೊರಗ ಪಿಎಚ್.ಡಿ. ಸಿಕ್ಕರ ಹೋಗ್ತೇನಿ. ಹೋದಲ್ಲಿ ಟೀಮ್ ಇದ್ರ ಆಡ್ತೇನಿ, ಇರಲಿಲ್ಲಂದ್ರ ಕಟ್ಟತೇನಿ.

ಕಾಕಾ: ನಿಮ್ಮಪ್ಪಗ ಹೇಳೀಯೇನು?

ಹುಡುಗಿ: ಪಿಎಚ್.ಡಿ. ಸುದ್ದಿ ಹೇಳೇನಿ. ಕ್ರಿಕೆಟ್ಟಿನ ಸುದ್ದಿ ನೀವ ಹೇಳ್ರಿ ಅಂತನ ಇಷ್ಟೊತ್ತು ಮಾತಾಡಿದ್ದು.

ಕಾಕಾ: ಹಿಂಗ ಐತೇನು ಇದರ ಮಸಲತ್ತು! ನಾ ಹೇಳಬೇಕಂದ್ರ ಮೊದಲು ನಿನ್ನ ಬೌಲಿಂಗ್ ನೋಡಬೇಕು. ಟೆನ್ನಿಸ್ ಬಾಲಿನಾಗ ಸಾಲಿ ಗ್ರೌಂಡಿನಾಗ ಹುಡುಗರನ್ನ ಔಟ್ ಮಾಡಿದ್ದು ಲೆಕ್ಕಕ್ಕಿಲ್ಲ. ಲೆದರ್ ಬಾಲ್ ಮುಟ್ಟೀಯೇನು ಎಂದರ?

ಹುಡುಗಿ: ಕಾಲೇಜಿನಾಗ ಮುಟ್ಟೇನಿ. ಹೊಲಿಗಿ ಹತ್ತಿ ಬೆರಳು ಕಿತ್ತಿದ್ದೂ ಗೊತ್ತೈತಿ.

ಕಾಕಾ: ಹಂಗಾದ್ರ ಐತವಾರ ಗದಗಿಗೆ ಹೋಗೂಣು, ಒಂದು ಬಾಲ್ ತರೂಣು. ಹುಬ್ಬಳ್ಳಿಯಾಗ ಹೆಣ್ಮಕ್ಕಳಿಗೆ ಕಲಿಸೂವರು ಯಾರದಾರಂತ ನಾ ಕೇಳ್ತೇನಿ. ಒಂದು ಕರಾರು ಮಾತ್ರ: ನಾಳೆ ನೀ ಯಾವ ದೇಶಕ್ಕ ಆಡಿದ್ರೂ ಸರಿ, ಇಂಡಿಯಾ ಎದುರಿಗೆ ಬಂದ ದಿನ ನಾ ಇಂಡಿಯಾ ಪರ.

ಹುಡುಗಿ: ಆವತ್ತು ನಿಮ್ಮ ಓಪನರ್‌ನ ನಾ ಔಟ್ ಮಾಡಿದ್ರ?

ಕಾಕಾ: ಚಪ್ಪಾಳಿ ಹೊಡೀತೇನಿ. ಆದ್ರ ಮ್ಯಾಚ್ ಇಂಡಿಯಾನ ಗೆಲ್ಲಬೇಕು.